ಆಟಕ್ಕೂ ಒಂದು ಸುಗ್ಗಿ

ಕಳೆದ ದೀಪಾವಳಿಗೆ ನಾವು ಊರಿಗೆ ಹೋಗಿದ್ದೆವು. ನಮ್ಮೂರು ಹಂಪಾಪುರ, ಮೈಸೂರಿನಿಂದ ಹೆಗ್ಗಡದೇವನಕೋಟೆಗೆ ಹೋಗುವ ದಾರಿಯಲ್ಲಿ ಸಿಕ್ಕುವ ಹೋಬಳಿಯ ಊರು. ಹಬ್ಬದ ಮರುದಿನ ಬೆಳಗಿನ ಜಾವ ಐದು ಗಂಟೆಯ ಹೊತ್ತಿಗೆ ನನಗೆ ಎಚ್ಚರವಾಯಿತು. ಕೊಟ್ಟಿಗೆಯಲ್ಲಿ ಅವ್ವ ಹಾಲು ಕರೆಯುತ್ತಿದ್ದಳು. ಪಡಸಾಲೆಯ ಮೂಲೆಯಲ್ಲಿ ಹೊದ್ದ ಕಂಬಳಿಯೊಳಗಿನಿಂದ ನೀಲಿ ಬೆಳಕೊಂದು ಹೊರಗೆ ಸೂಸುತ್ತಿದ್ದಿತು. ಎಳೆದು ನೋಡಿದರೆ ಒಳಗೆ ನನ್ನ ಮಗ, ಕೈಯಲ್ಲಿ ಮೊಬೈಲು. ರಾತ್ರಿಯೆಲ್ಲ ನಿದ್ದೆಯಿಲ್ಲದೆ ಕಣ್ಣು ಕೆಂಪಾಗಿದ್ದುವು. ನಾನು ಒಂದು ಮಾತನ್ನೂ ಆಡದೆ ಅದನ್ನು ಕಿತ್ತುಕೊಂಡೆ.

"ಅಪ್ಪ, ಇನ್ನು ಅರ್ಧ ಗಂಟೆ ಅಪ್ಪ! ಐದೂವರೆಗೆ ದೀಪಾವಳಿ ಈವೆಂಟು ಮುಗಿದುಹೋಗುತ್ತೆ. ಮತ್ತೆ ಬರಲ್ಲ!" ಎಂದು ಹುಡುಗ ಅಳುವ ದನಿಯಲ್ಲಿ ಬೇಡಿಕೊಂಡ.

ಡೈರಿಗೆ ಹಾಕುವ ಹಾಲಿನ ಕ್ಯಾನು ಹಿಡಿದು ಒಳಗೆ ಬಂದ ಅವ್ವ ಅದನ್ನು ಕೇಳಿಸಿಕೊಂಡು, "ಮತ್ತೆ ಬರದೆ ಇರೋ ಹಬ್ಬ ಅದ್ಯಾವುದೊ ಮಗ?" ಎಂದಳು.

ಅವಳಿಗೆ ಉತ್ತರ ಕೊಡುವವರು ಯಾರೂ ಇರಲಿಲ್ಲ. ಹುಡುಗ ಮುಸುಕೆಳೆದು ಮಲಗಿದ. ಅವನು ಒಬ್ಬನೇ ಆಡುತ್ತಿರಲಿಲ್ಲ, ನಾಲ್ವರ ತಂಡದಲ್ಲಿ ಆಡುತ್ತಿದ್ದ, ಉಳಿದ ಮೂವರು ಅವನಿಗಾಗಿ ಕಾದು ಕಾದು ಸೋತುಹೋದರು ಎಂಬುದು ನನಗೆ ತಿಳಿದದ್ದು ಎರಡು ದಿನಗಳ ಮೇಲೆ. ನಡುರಂಗದಿಂದ ಒಬ್ಬನನ್ನು ಎಳೆದುಕೊಂಡು ಬಂದ ತಪ್ಪು ನನ್ನದಾಗಿದ್ದಿತು. ಆದರೂ ರಾತ್ರಿಯೆಲ್ಲ ನಿದ್ದೆಗೆಟ್ಟದ್ದು ಸರಿಯೆನ್ನಲು ಮನಸ್ಸು ಒಪ್ಪಲಿಲ್ಲ. ಅಂದಿನಿಂದ ಅವ್ವನ ಪ್ರಶ್ನೆಯನ್ನು ಹಿಡಿದುಕೊಂಡು ಹಳೆಯ ಪುಸ್ತಕಗಳನ್ನು ತಿರುವಿಹಾಕಿದೆ. ಮಗನನ್ನೂ ಅವನ ಗೆಳೆಯರನ್ನೂ ಕೇಳಿ ಹೊಸ ಆಟಗಳ ಚರಿತ್ರೆಯನ್ನೂ ಅಷ್ಟಿಷ್ಟು ತಿಳಿದುಕೊಂಡೆ. ಹೊತ್ತುಗೊತ್ತಿಗೆ ಬಂದು ಹೋಗುವ ಆಟ ಹೊಸದೇನೂ ಅಲ್ಲವೆಂದು ಆಗ ಮನದಟ್ಟಾಯಿತು.

ಕಲ್ಯಾಣದ ಚಾಲುಕ್ಯ ಅರಸ ಮೂರನೆಯ ಸೋಮೇಶ್ವರನು 1129ರ ಸುಮಾರಿನಲ್ಲಿ ರಚಿಸಿದ 'ಮಾನಸೋಲ್ಲಾಸ' ಎಂಬ ಸಂಸ್ಕೃತ ಗ್ರಂಥವನ್ನು ವಾಚಕರು ಬಲ್ಲರು. ಇಪ್ಪತ್ತು ಅಧ್ಯಾಯಗಳ ಐದು ಭಾಗಗಳಿರುವ ಆ ಗ್ರಂಥದ ಕೊನೆಯ ಭಾಗಕ್ಕೆ ಕ್ರೀಡಾವಿಂಶತಿ ಎಂದು ಹೆಸರು. ಅಲ್ಲಿ ಹೇಳಿರುವ ಆಟಗಳಲ್ಲಿ ಎರಡು ಜಾತಿಗಳಿವೆಯೆಂದು ತೋರುತ್ತದೆ. ಚದುರಂಗ, ಪಗಡೆಯ ದಾಳ, ಕವಡೆ ಇವು ಒಂದು ಜಾತಿ. ಇವನ್ನು ಎಂದು ಬೇಕಾದರೂ ಆಡಬಹುದು. ಆಂದೋಲನಕ್ರೀಡೆ, ತೋಯಕ್ರೀಡೆ, ಜ್ಯೋತ್ಸ್ನಾಕ್ರೀಡೆ, ಸಸ್ಯಕ್ರೀಡೆ, ತಿಮಿರಕ್ರೀಡೆ ಇವು ಇನ್ನೊಂದು ಜಾತಿ. ಬೆಳುದಿಂಗಳಿಲ್ಲದೆ ಜ್ಯೋತ್ಸ್ನಾಕ್ರೀಡೆಯಿಲ್ಲ, ಪೈರು ಏಳದೆ ಸಸ್ಯಕ್ರೀಡೆಯಿಲ್ಲ. ಚಕ್ರವರ್ತಿಯೇ ಆದರೂ ಹುಣ್ಣಿಮೆಗೆ ಕಾಯಲೇಬೇಕು. ಆಟದ ಅವಧಿಯನ್ನು ಗೊತ್ತುಮಾಡುತ್ತಿದ್ದುದು ಅರಸನಲ್ಲ, ಆಕಾಶ.

ಮೊದಲನೆಯ ಜಾತಿಯ ಆಟಗಳಲ್ಲಿಯೂ ಕಾಲದ ನೆರಳು ಬಿದ್ದಿರುವುದುಂಟು. ನಮ್ಮ ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು (1794-1868) ಆಟಗಳ ವಿಷಯದಲ್ಲಿ ಅಸಾಧಾರಣ ಆಸಕ್ತಿಯಿದ್ದವರು. 1831ರಲ್ಲಿ ಆಡಳಿತ ಆಂಗ್ಲರ ಕೈಗೆ ಹೋದ ಮೇಲೆ ಅವರ ದೀರ್ಘ ಜೀವಿತದ ಎಷ್ಟೋ ಭಾಗ ಕಲೆ, ಸಾಹಿತ್ಯ, ಆಟಗಳಿಗೆ ಮೀಸಲಾಯಿತು. ಅವರ 'ಶ್ರೀತತ್ತ್ವನಿಧಿ'ಯ ಒಂಬತ್ತು ನಿಧಿಗಳಲ್ಲಿ ಕೌತುಕನಿಧಿಯು ಆಟಗಳಿಗೇ ಮುಡಿಪಾದುದು. ಅವರು ಬೆಳಸಿದ ಗಂಜೀಫ ಎಂಬ ಗುಂಡೆಲೆಯ ಆಟದ ಒಂದು ನಿಯಮ ನನಗೆ ಬಹಳ ಸೊಗಸೆನಿಸಿತು. ದಶಾವತಾರ ಗಂಜೀಫದಲ್ಲಿ ಒಂದೊಂದು ಅವತಾರಕ್ಕೆ 12ರಂತೆ 120 ಎಲೆಗಳು. ಹಗಲಿನಲ್ಲಿ ಆಡಿದರೆ ರಾಮನ ಎಲೆ ಹಿಡಿದವನು ಆಟ ಮೊದಲುಮಾಡಬೇಕು. ರಾತ್ರಿಯಲ್ಲಿ ಆಡಿದರೆ ಕೃಷ್ಣನ ಎಲೆ ಹಿಡಿದವನು. ರಾಮ ಸೂರ್ಯವಂಶದವನು, ಕೃಷ್ಣ ಚಂದ್ರವಂಶದವನು. ಆಟಕ್ಕೆ ಕುಳಿತವನು ಕಿಟಕಿಯ ಹೊರಗೆ ಒಮ್ಮೆ ನೋಡಲೇಬೇಕು!

ಇನ್ನು ನಾಡಹಬ್ಬ. 1520ರ ಸುಮಾರಿಗೆ ವಿಜಯನಗರವನ್ನು ಕಂಡ ಪೋರ್ತುಗೀಸ್ ಪ್ರವಾಸಿ ಪಾಯೆಸನು ಮಹಾನವಮಿಯ ಮಲ್ಲಯುದ್ಧಗಳನ್ನು ಬೆರಗಾಗಿ ವರ್ಣಿಸಿದ್ದಾನೆ. 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣದಲ್ಲಿ ಆ ಉತ್ಸವವನ್ನು ಮುಂದುವರಿಸಿದರು. ಇಂದಿಗೂ ವಿಜಯದಶಮಿಯ ದಿನ ಮೈಸೂರಿನ ಅರಮನೆಯಲ್ಲಿ ಜಟ್ಟಿಗಳ ವಜ್ರಮುಷ್ಟಿ ಕಾಳಗ ನಡೆಯುತ್ತದೆ. ಒಬ್ಬನ ತಲೆಯಿಂದ ನೆತ್ತರು ಜಿನುಗಿದೊಡನೆ ಕಾಳಗ ನಿಂತುಹೋಗುತ್ತದೆ. ನೋಡುವವರು ಉಸಿರು ಬಿಡುವಷ್ಟರಲ್ಲಿ ಅದು ಮುಗಿದಿರುವುದೂ ಉಂಟು. ಆ ಕ್ಷಣಕ್ಕಾಗಿ ಜಟ್ಟಿಯು ಬಹುಕಾಲ ಸಾಮು ಮಾಡಿರುತ್ತಾನೆ. ಅಲ್ಪಾವಧಿಯ ಆಟವನ್ನು ಸಾರ್ಥಕಪಡಿಸುವ ಹಳೆಯ ಉಪಾಯ ಇದು: ಮುಂಚೆ ಸಿದ್ಧನಾಗು, ಹೊತ್ತು ಬಂದಾಗ ಮನಸ್ಸಿಟ್ಟು ಆಡು, ಮುಗಿದಾಗ ಕೈಮುಗಿದು ಹೊರಡು.

ಅರಮನೆಯ ಮಾತು ಸಾಕು, ಹಂಪಾಪುರಕ್ಕೆ ಬರೋಣ. ನಾನು ಹುಡುಗನಾಗಿದ್ದಾಗ ಊರಿನಲ್ಲಿ ಆಟದ ಪಂಚಾಂಗವನ್ನು ಯಾರೂ ಬರೆದಿಟ್ಟಿರಲಿಲ್ಲ; ಆದರೆ ಅದನ್ನು ಅರಿಯದ ಹುಡುಗನಿರಲಿಲ್ಲ. ಆಷಾಢದಲ್ಲಿ ಗಾಳಿ ಎದ್ದರೆ ಗಾಳಿಪಟ. ಮಾಗಿ ಕಳೆದು ಹುಣಸೆಹಣ್ಣು ಉದುರಿಸಿ ಬಡಿದ ಮೇಲೆ ಬೀಜ ರಾಶಿ ಬೀಳುತ್ತಿದ್ದಿತು; ಆಗ ಹೆಣ್ಣುಮಕ್ಕಳಿಗೆ ಅಳಿಗುಳಿಮನೆ. ರಾಗಿಯ ಒಕ್ಕಣೆ ಮುಗಿದು ಕಣ ಬರಿದಾದರೆ ಅದೇ ಬಯಲು ಚಿಣ್ಣಿದಾಂಡಿಗೂ ಬುಗುರಿಗೂ. ಗಾಳಿ ಬಿದ್ದರೆ ಪಟವೂ ಬಿದ್ದಿತು. ಉತ್ತು ಬಿತ್ತುವ ಕಾಲಕ್ಕೆ ಬಯಲೂ ಹೊಲವಾಯಿತು. ಆಟ ನಿಂತುದಕ್ಕೆ ಯಾರ ಮೇಲೆಯೂ ಸಿಟ್ಟು ಬರುತ್ತಿರಲಿಲ್ಲ. ಮುಂದಿನ ಆಷಾಢ ಬಂದೇ ಬರುತ್ತದೆಂಬ ನಂಬಿಕೆಯಿದ್ದಿತು.

ಮಿತಿ ಮೀರುವುದಕ್ಕೂ ಹಿರಿಯರು ದಿನ ಗೊತ್ತುಮಾಡಿದ್ದರು. ಶಿವರಾತ್ರಿಯ ಜಾಗರಣೆಗೆ ಪಗಡೆ, ಚೌಕಾಬಾರ ಹಾಸಿ ಬೆಳಗಿನವರೆಗೆ ಆಡಬಹುದು, ಬೈಯುವವರಿಲ್ಲ. ವರ್ಷಕ್ಕೆ ಒಂದೇ ರಾತ್ರಿ. ಯುಗಾದಿಯಲ್ಲಿ ಜೂಜಿಗೂ ಸಲಿಗೆ. ನಮ್ಮ ಸೀಮೆಯ ಎಷ್ಟೋ ಊರುಗಳಲ್ಲಿ ಹಬ್ಬದ ದಿನ ಮರದಡಿ ಇಸ್ಪೀಟು, ಕಾಸು ಚಿಮ್ಮುವ ಆಟ ನಡೆಯುತ್ತಿದ್ದುದನ್ನು ಕಾಣದವರಿಲ್ಲ. ಇದು ಒಳ್ಳೆಯ ಪದ್ಧತಿಯೆಂದು ನಾನು ಹೊಗಳಲಾರೆ. ಆ ಎರಡು ದಿನದಲ್ಲಿ ಎತ್ತು ಕಳೆದುಕೊಂಡವರ ಕಥೆ ಪ್ರತಿ ಊರಿನಲ್ಲಿಯೂ ಉಂಟು. ಹಬ್ಬದ ಸಲಿಗೆ ಮನೆಯನ್ನು ತೆಗೆಯಬಲ್ಲದೆಂಬುದು ನಮ್ಮವರಿಗೆ ಮೊಬೈಲು ಬರುವ ಮುಂಚೆಯೇ ತಿಳಿದಿದ್ದಿತು.

ಈಗ ಹೊಸ ಆಟಗಳ ಚರಿತ್ರೆ. 2004ರ ನವೆಂಬರಿನಲ್ಲಿ ಅಮೆರಿಕದಲ್ಲಿ ಹೊರಬಂದ 'ವರ್ಲ್ಡ್ ಆಫ್ ವಾರ್‌ಕ್ರಾಫ್ಟ್' ಎಂಬ ಅಂತರಜಾಲದ ಆಟದಲ್ಲಿ ಆ ಡಿಸೆಂಬರಿನಲ್ಲಿಯೇ ಕ್ರಿಸ್‌ಮಸ್ಸನ್ನು ಹೋಲುವ ಚಳಿಗಾಲದ ಹಬ್ಬವೊಂದನ್ನು ನಡೆಸಿದರು. ಆಡುವವರ ಹೊರಜಗತ್ತಿನ ಹಬ್ಬವು ಆಟದ ಜಗತ್ತಿನೊಳಗೂ ಕಾಲಿಟ್ಟಿತು. ಆ ಹಬ್ಬ ಅಲ್ಲಿ ವರ್ಷ ವರ್ಷವೂ ಬರುತ್ತದೆ; ಅವ್ವ ಒಪ್ಪುವಂಥ ಹಬ್ಬ.

2009ರ ಜೂನಿನಲ್ಲಿ ಫೇಸ್‌ಬುಕ್ಕಿನಲ್ಲಿ 'ಫಾರ್ಮ್‌ವಿಲ್' ಎಂಬ ಬೇಸಾಯದ ಆಟ ಬಂದಿತು. ನಮ್ಮ ಹೊಲದ ರಾಗಿಗೆ ನಾಲ್ಕು ತಿಂಗಳು ಬೇಕು. ಅಲ್ಲಿಯ ಸ್ಟ್ರಾಬೆರಿಗೆ ನಾಲ್ಕು ಗಂಟೆ ಸಾಕು. ಆದರೆ ಹೇಳಿದ ಹೊತ್ತಿಗೆ ಬಂದು ಕೊಯ್ಯದಿದ್ದರೆ ಬೆಳೆ ಬಾಡಿಹೋಗುತ್ತಿದ್ದಿತು. ಪಟ್ಟಣದ ಗುಮಾಸ್ತರೂ ಗೃಹಿಣಿಯರೂ ನಡುರಾತ್ರಿ ಎದ್ದು ಇಲ್ಲದ ಬೆಳೆಯನ್ನು ಕೊಯ್ದರು. ಬೇಕಾದ ಹೊತ್ತಿಗೆ ಜನರನ್ನು ಕರೆತರಲು ನಷ್ಟದ ಭಯದಷ್ಟು ಬಲವಾದ ಹಗ್ಗವಿಲ್ಲ. 2020ರ ಡಿಸೆಂಬರ್ 31ರಂದು ಆ ಆಟವನ್ನೇ ಮುಚ್ಚಿದರು. ಎಲ್ಲರ ಹೊಲವೂ ಒಂದೇ ದಿನ ಇಲ್ಲವಾಯಿತು.

2017ರ ಡಿಸೆಂಬರಿನಲ್ಲಿ 'ಫೋರ್ಟ್‌ನೈಟ್' ಎಂಬ ಆಟವು ಬ್ಯಾಟಲ್ ಪಾಸ್ ಎಂಬುದನ್ನು ತಂದಿತು. ಬೇರೆ ಆಟಗಳಲ್ಲಿ ಅದರ ಮಾದರಿ ಮೊದಲೇ ಇದ್ದರೂ ಮನೆಮಾತಾದದ್ದು ಇದರಿಂದ. ಅದರ ಗುಟ್ಟು ತಿಳಿಯತಕ್ಕದ್ದು. ಹಣ ಕೊಟ್ಟರೆ ಬಹುಮಾನ ಸಿಕ್ಕುವುದಿಲ್ಲ. ದುಡಿದು ಬಹುಮಾನ ಪಡೆಯುವ ಹಕ್ಕು ಮಾತ್ರ ಸಿಕ್ಕುತ್ತದೆ. ಸೀಸನ್ ಎಂದು ಕರೆಯುವ ಕೆಲವು ವಾರಗಳ ಅವಧಿಯೊಳಗೆ ಮೆಟ್ಟಿಲು ಮೆಟ್ಟಿಲಾಗಿ ಏರಬೇಕು. ಏರದೆ ಉಳಿದ ಮೆಟ್ಟಿಲಿನ ಬಹುಮಾನ ಕೈತಪ್ಪಿತು. ಕೊಟ್ಟ ಹಣ ವ್ಯರ್ಥವಾದೀತೆಂದು ಹುಡುಗ ಮತ್ತಷ್ಟು ಆಡುತ್ತಾನೆ. ಒಂದು ಸೀಸನ್ ಮುಗಿದರೆ ಬೆನ್ನಿಗೇ ಇನ್ನೊಂದು. ನಮ್ಮ ಸುಗ್ಗಿಗೂ ಈ ಸುಗ್ಗಿಗೂ ಇರುವ ಭೇದ ಇಲ್ಲಿದೆ. ನಮ್ಮಲ್ಲಿ ಸುಗ್ಗಿಯಾದ ಮೇಲೆ ನೆಲಕ್ಕೂ ಎತ್ತಿಗೂ ಬಿಡುವಿದ್ದಿತು. ಇಲ್ಲಿ ಬಿಡುವೆಂಬ ತಿಂಗಳೇ ಇಲ್ಲ.

ನಮ್ಮ ದೇಶದಲ್ಲಿ ಹುಡುಗರಿಗೆ ಹುಚ್ಚು ಹಿಡಿಸಿದ 'ಪಬ್‌ಜಿ ಮೊಬೈಲ್' ಬಂದದ್ದು 2018ರಲ್ಲಿ. ಸರಕಾರ ಅದನ್ನು 2020ರ ಸೆಪ್ಟೆಂಬರ್ 2ರಂದು ನಿಷೇಧಿಸಿತು. ಅದೇ ಬಗೆಯ ಆಟ 2021ರ ಜುಲೈನಲ್ಲಿ 'ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ' ಎಂಬ ಹೆಸರಿನಿಂದ ಮರಳಿ ಬಂದಾಗ 18 ವರ್ಷದೊಳಗಿನವರಿಗೆ ದಿನಕ್ಕೆ ಮೂರು ಗಂಟೆಯ ಮಿತಿ ಹಾಕಿದ್ದರು. ಚೀನಾ ದೇಶವು ಅದೇ ವರ್ಷ ಇನ್ನೂ ಬಿಗಿಮಾಡಿ, ಶುಕ್ರವಾರ, ಶನಿವಾರ, ಭಾನುವಾರ ಮತ್ತು ರಜಾದಿನಗಳಲ್ಲಿ ರಾತ್ರಿ 8ರಿಂದ 9ರವರೆಗೆ ಮಾತ್ರ ಮಕ್ಕಳು ಆಡತಕ್ಕದ್ದೆಂದು ವಿಧಿಸಿತು. ನಮ್ಮ ಬೆಂಗಳೂರಿನ ನಿಮ್ಹಾನ್ಸಿನಲ್ಲಿ ಇಂಥ ಗೀಳಿಗೆ ಒಳಗಾದವರಿಗಾಗಿ 2014ರಲ್ಲಿಯೇ ಪ್ರತ್ಯೇಕ ಚಿಕಿತ್ಸಾಲಯ ತೆರೆದರು. ಹಣ ಹೂಡಿ ಆಡುವ ಅಂತರಜಾಲದ ಆಟಗಳನ್ನು ನಿಷೇಧಿಸುವ ಕೇಂದ್ರದ ಕಾಯಿದೆಗೆ 2025ರ ಆಗಸ್ಟ್ 22ರಂದು ರಾಷ್ಟ್ರಪತಿಗಳ ಅಂಕಿತ ಬಿದ್ದಿತು. ಹಾಗೆಂದು ಮನೆಯ ಪಡಸಾಲೆಯಲ್ಲಿ, ಕಂಬಳಿಯೊಳಗೆ ನಡೆಯುವುದನ್ನು ಕಾಯಿದೆಯೊಂದೇ ನೋಡಿಕೊಳ್ಳಲಾರದು.

"ಮತ್ತೆ ಬರಲ್ಲ" ಎಂದ ಮಗನ ಮಾತು ಎಷ್ಟು ನಿಜ? ವಿಚಾರಿಸಿದರೆ ಅರ್ಧ ಮಾತ್ರ ನಿಜ. 'ಪೊಕೆಮಾನ್ ಗೋ' ಆಟದವರು 2018ರ ಜನವರಿಯಿಂದ ತಿಂಗಳಿಗೊಂದು ದಿನ ಕೆಲವು ಗಂಟೆಗಳ ಮೇಳ ನಡೆಸತೊಡಗಿದರು. ಆದರೆ ಆ ಡಿಸೆಂಬರಿನಲ್ಲಿ ವರ್ಷವಿಡೀ ಬಂದುಹೋದ ಪ್ರಾಣಿಗಳನ್ನು ಮತ್ತೊಮ್ಮೆ ಕರೆತಂದರು. ಫೋರ್ಟ್‌ನೈಟಿನವರು ಸಹ 2024ರಲ್ಲಿ, ಹೊಸ ಪಾಸಿನ ಉಡುಪುಗಳು 18 ತಿಂಗಳು ಕಳೆದ ಮೇಲೆ ಅಂಗಡಿಯಲ್ಲಿ ಮಾರಾಟಕ್ಕೆ ಬರಬಹುದೆಂದು ಸಾರಿದರು. ಮತ್ತೆ ಬರದೆ ಇರುವ ಹಬ್ಬ ಅಲ್ಲಿಯೂ ಕಡಮೆಯೆಂದಾಯಿತು. ಅವ್ವನ ಪ್ರಶ್ನೆ ಅಜ್ಞಾನದ್ದಲ್ಲ.

ಐದೂವರೆಯ ಗುಟ್ಟನ್ನೂ ಹೇಳಿಬಿಡುತ್ತೇನೆ. ಇಂಥ ಎಷ್ಟೋ ಆಟಗಳ ದಿನಗಣನೆ ಗ್ರೀನಿಚ್ಚಿನ ನಡುರಾತ್ರಿಗೆ ಹೊಂದಿಕೊಂಡಿದೆ. ಅಲ್ಲಿ ರಾತ್ರಿ 12 ಆದಾಗ ನಮಗೆ ಬೆಳಗಿನ 5-30. ಎಲ್ಲಿಯೋ ದೂರದ ಗಡಿಯಾರ ತಿರುಗಿದರೆ ಹಂಪಾಪುರದ ಹುಡುಗನ ನಿದ್ದೆ ಹೋಗುತ್ತದೆ.

ಇದನ್ನೆಲ್ಲ ತಿಳಿದ ಮೇಲೆ ಒಂದು ಭಾನುವಾರ ಮಗನ ಜೊತೆ ಕುಳಿತೆ. ಮೊದಲು ಅವನ ತಂಡ ಸೋತುದಕ್ಕೆ ತಪ್ಪಾಯಿತೆಂದು ಹೇಳಿದೆ. ಅವನು ಆಶ್ಚರ್ಯದಿಂದ ನೋಡಿದ. ಬರಲಿದ್ದ ಸಂಕ್ರಾಂತಿಯ ಈವೆಂಟಿನ ವಿವರವನ್ನು ಅವನೇ ಬಿಡಿಸಿ ತೋರಿಸಿದ. ಬಹುಮಾನಗಳ ಉದ್ದನೆಯ ಪಟ್ಟಿ. "ಇದರಲ್ಲಿ ನಿನಗೆ ನಿಜವಾಗಿ ಬೇಕಾದುದು ಯಾವುದು?" ಎಂದೆ. ಬಹಳ ಹೊತ್ತು ನೋಡಿ ಎರಡನ್ನು ಹೇಳಿದ. ಆ ಎರಡಕ್ಕೆ ದಿನಕ್ಕೆ ಎಷ್ಟು ಆಟ ಬೇಕೆಂದು ಲೆಕ್ಕ ಹಾಕಿದೆವು. ಮೊದಲ ದಿನದಿಂದಲೇ ಹಂಚಿಕೊಂಡರೆ ದಿನಕ್ಕೆ ಮುಕ್ಕಾಲು ಗಂಟೆಯೂ ಬೇಡ! ಕೊನೆಯ ರಾತ್ರಿಗೆ ಗುಡ್ಡೆ ಹಾಕಿಕೊಂಡದ್ದರಿಂದಲೇ ದೀಪಾವಳಿಯಲ್ಲಿ ಜಾಗರಣೆಯಾದುದು. ಗೆಳೆಯರೆಲ್ಲ ಕೂಡುವ ಒಂದು ಹೊತ್ತನ್ನು ಅವರೇ ಗೊತ್ತುಮಾಡಿಕೊಂಡರು. ಆ ಹೊತ್ತಿನಲ್ಲಿ ನಾನು ಕರೆಯುವುದಿಲ್ಲವೆಂದು ಒಪ್ಪಿದೆ. ಹಣ ಕೇಳುವ ಬಾಗಿಲನ್ನು ಮಾತ್ರ ತೆರೆಯಕೂಡದೆಂದೆ. ಯುಗಾದಿಯ ಇಸ್ಪೀಟಿನ ಕಥೆಗಳನ್ನು ಹೇಳಿದ ಮೇಲೆ ಅದಕ್ಕೂ ಒಪ್ಪಿದ.

ಸಂಕ್ರಾಂತಿಗೆ ಊರಿಗೆ ಹೋದೆವು. ಒಕ್ಕಣೆ ಮುಗಿದು ಕಣ ಬರಿದಾಗಿದ್ದಿತು. ಸಂಜೆ ಚಿಕ್ಕಪ್ಪನ ಮಕ್ಕಳು ಅಲ್ಲಿ ಚಿಣ್ಣಿದಾಂಡಿಗೆ ಗೆರೆ ಎಳೆದು ಇವನನ್ನು ಕೂಗಿದರು. ಇವನು ಮೊಬೈಲನ್ನು ಒಮ್ಮೆ ನೋಡಿದ, ಕಣವನ್ನು ಒಮ್ಮೆ ನೋಡಿದ. ಮೊಬೈಲನ್ನು ಅಜ್ಜಿಯ ಕೈಗೆ ಕೊಟ್ಟು ಓಡಿದ. ಅದು ಆ ಈವೆಂಟಿನ ಕೊನೆಯ ದಿನವೆಂದು ನನಗೆ ಗೊತ್ತಿದ್ದಿತು. ಕತ್ತಲಾದ ಮೇಲೆ ಬಂದು ಉಳಿದುದನ್ನು ಆಡಿದನೋ ಇಲ್ಲವೋ, ನಾನು ಕೇಳಲಿಲ್ಲ. ಬೆಳಗ್ಗೆ ಐದು ಗಂಟೆಗೆ ಎಚ್ಚರವಾದಾಗ ಕಂಬಳಿಯೊಳಗೆ ಬೆಳಕಿರಲಿಲ್ಲ. ಕೊಟ್ಟಿಗೆಯಲ್ಲಿ ಹಾಲು ಕರೆಯುವ ಸದ್ದು ಮಾತ್ರ ಕೇಳಿಸುತ್ತಿದ್ದಿತು.