ಮೂಲದಾಳಿನಿಂದ ಜೀತದಾಳಿನವರೆಗೆ

ಕನ್ನಡದ ಮೊದಲ ಪತ್ರಿಕೆ ‘ಮಂಗಳೂರ ಸಮಾಚಾರ’ 1843ರ ಜುಲೈ 1ರಂದು ಹೊರಬಂತು. ಅದನ್ನು ಹೊರಡಿಸಿದವರು ಬಾಸೆಲ್ ಮಿಷನ್ನಿನ ಜರ್ಮನ್ ಪಾದ್ರಿ ಹರ್ಮನ್ ಮೋಗ್ಲಿಂಗ್ ಎಂಬುದು ಶಾಲೆಯ ಮಕ್ಕಳಿಗೂ ಗೊತ್ತು. ಅದೇ ವರ್ಷ ಏಪ್ರಿಲ್ 7ರಂದು ಕಲ್ಕತ್ತೆಯಲ್ಲಿ ಈಸ್ಟ್ ಇಂಡಿಯಾ ಕಂಪನಿ ಸರ್ಕಾರ ನಾಲ್ಕೇ ಕಲಮುಗಳ ಒಂದು ಪುಟ್ಟ ಕಾಯಿದೆ ಮಾಡಿತ್ತು ಎಂಬುದು ಮಾತ್ರ ಅಷ್ಟಾಗಿ ಯಾರಿಗೂ ಗೊತ್ತಿಲ್ಲ. ‘1843ರ 5ನೇ ಕಾಯಿದೆ’ ಎಂದು ಹೆಸರಾದ ಅದು, ಕಂಪನಿಯ ಸೀಮೆಯಲ್ಲಿ ಮನುಷ್ಯನನ್ನು ಮತ್ತೊಬ್ಬನ ಆಸ್ತಿಯೆಂದು ಯಾವ ನ್ಯಾಯಾಲಯವೂ ಒಪ್ಪಕೂಡದು ಎಂದು ವಿಧಿಸಿತು.

ಪತ್ರಿಕೆಗೂ ಕಾಯಿದೆಗೂ ನೇರ ನಂಟಿಲ್ಲ. ಆದರೆ ಎರಡರ ಬೇರೂ ಒಂದೇ ಕಡೆ ಇದೆ. 1833ರಲ್ಲಿ ಬ್ರಿಟಿಷ್ ಪಾರ್ಲಿಮೆಂಟು ಕಂಪನಿಯ ಸನ್ನದನ್ನು ನವೀಕರಿಸಿದಾಗ ಇಲ್ಲಿಗೆ ಬಂದು ನೆಲೆಸಲು ಹೊರಗಿನವರಿಗಿದ್ದ ಅಡೆತಡೆಗಳು ಸಡಿಲವಾದವು. ಮರುವರ್ಷವೇ ಬಾಸೆಲ್ ಮಿಷನ್ನಿನ ಮೊದಲ ಮೂವರು ಪಾದ್ರಿಗಳು ಪಶ್ಚಿಮ ಕರಾವಳಿಗೆ ಬಂದಿಳಿದರು. ಅದೇ ಸನ್ನದಿನ ಇನ್ನೊಂದು ಕಲಮು, ಇಲ್ಲಿನ ಗುಲಾಮಗಿರಿಯನ್ನು ತಗ್ಗಿಸಿ ಕೊನೆಗಾಣಿಸುವ ದಾರಿ ಹುಡುಕುವಂತೆ ಗವರ್ನರ್ ಜನರಲ್‌ಗೆ ಹೇಳಿತು. ಇವೆರಡರ ಹಿಂದೆಯೂ ಇಂಗ್ಲೆಂಡಿನ ಕ್ರೈಸ್ತ ಸುಧಾರಕರ ಅರ್ಧ ಶತಮಾನದ ಹೋರಾಟವಿತ್ತು.

ಒಂದು ಗ್ರಂಥ, ಎರಡು ಓದು

ಆ ಹೋರಾಟ ನಡೆದದ್ದು ಬೈಬಲ್‌ನ ಪುಟಗಳ ಮೇಲೆಯೇ. ಗುಲಾಮರನ್ನು ಇಟ್ಟುಕೊಂಡಿದ್ದವರೂ ಕ್ರೈಸ್ತರೇ. ಅವರಿಗೂ ಅದೇ ಗ್ರಂಥ ಆಧಾರ. ಮೂಲಪುರುಷ ಅಬ್ರಹಾಮನಿಗೆ ಆಳುಗಳಿದ್ದರಲ್ಲವೇ? ಹಾಮನ ಮಗನಿಗೆ ನೋಹ ದಾಸನಾಗೆಂದು ಶಾಪ ಕೊಡಲಿಲ್ಲವೇ? ಒಡೆಯನನ್ನು ಬಿಟ್ಟು ಬಂದ ಒನೇಸಿಮನನ್ನು ಸಂತ ಪೌಲ ಪತ್ರ ಕೊಟ್ಟು ಅವನಲ್ಲಿಗೇ ಕಳುಹಿಸಲಿಲ್ಲವೇ? ಹೀಗೆ ಸಾಗುತ್ತಿತ್ತು ಅವರ ವಾದ.

ವಿರೋಧಿಗಳು ಉತ್ತರಿಸಿದ್ದು ಮೂರು ನೆಲೆಗಳಲ್ಲಿ. ಮೊದಲನೆಯದು, ದೇವರು ಮನುಷ್ಯನನ್ನು ತನ್ನ ಸ್ವರೂಪದಲ್ಲಿ ಸೃಷ್ಟಿಸಿದ್ದಾನೆ, ಎಲ್ಲ ಜನಾಂಗಗಳ ರಕ್ತವೂ ಒಂದೇ ಎಂಬ ನಂಬಿಕೆ. ದೇವರ ಸ್ವರೂಪಕ್ಕೆ ಬೆಲೆ ಕಟ್ಟುವುದು ದೈವನಿಂದೆ ಎಂದರು ಅವರು. ಎರಡನೆಯದು, ನಿನಗೆ ಬೇಡವಾದದ್ದನ್ನು ಪರರಿಗೆ ಮಾಡಬೇಡ ಎಂಬ ನೀತಿ. ಮೂರನೆಯದು, ಮನುಷ್ಯರನ್ನು ಕದ್ದು ಮಾರುವವನಿಗೆ ಮೋಶೆಯ ಧರ್ಮಶಾಸ್ತ್ರ ಮರಣದಂಡನೆಯನ್ನೇ ವಿಧಿಸಿದೆ ಎಂಬುದು. ಆಫ್ರಿಕಾದ ಗುಲಾಮರೆಲ್ಲ ಕದ್ದು ತಂದವರೇ ಆದಮೇಲೆ ಅವರನ್ನು ಕೊಂಡವನು ಕಳ್ಳಮಾಲು ಕೊಂಡವನಲ್ಲದೆ ಮತ್ತೇನು?

ಕ್ವೇಕರ್ ಪಂಥದವರು 1783ರಲ್ಲೇ ಪಾರ್ಲಿಮೆಂಟಿಗೆ ಅರ್ಜಿ ಕೊಟ್ಟಿದ್ದರು. ಮೈಸೂರಿನ ವೆಸ್ಲಿ ಕ್ಯಾಥೆಡ್ರಲ್ ಯಾರ ಹೆಸರನ್ನು ಹೊತ್ತಿದೆಯೋ ಆ ಜಾನ್ ವೆಸ್ಲಿ 1774ರಲ್ಲಿ ಗುಲಾಮಗಿರಿಯ ವಿರುದ್ಧ ಪುಸ್ತಿಕೆ ಬರೆದರು. 1791ರಲ್ಲಿ ಸಾಯುವ ಕೆಲವೇ ದಿನ ಮೊದಲು ಅವರು ಬರೆದ ಪತ್ರ ಹೋದದ್ದು, ಪಾರ್ಲಿಮೆಂಟಿನಲ್ಲಿ ಈ ಹೋರಾಟದ ನೇತೃತ್ವ ವಹಿಸಿದ್ದ ವಿಲಿಯಂ ವಿಲ್ಬರ್‌ಫೋರ್ಸ್ ಅವರಿಗೆ. 1807ರಲ್ಲಿ ಗುಲಾಮರ ವ್ಯಾಪಾರ ನಿಂತಿತು. 1833ರ ಕಾಯಿದೆ ಬ್ರಿಟಿಷ್ ವಸಾಹತುಗಳಲ್ಲಿ ಗುಲಾಮಗಿರಿಯನ್ನೇ ರದ್ದುಗೊಳಿಸಿತು. ಒಡೆಯರಿಗೆ 2 ಕೋಟಿ ಪೌಂಡ್ ಪರಿಹಾರ ಸಿಕ್ಕಿತು. ಗುಲಾಮರಿಗೆ ಚಿಕ್ಕಾಸೂ ಇಲ್ಲ.

ಕಂಪನಿಯ ಗಡಿಯಲ್ಲಿ ನಿಂತ ಧರ್ಮ

ಆದರೆ ಆ ಕಾಯಿದೆಯಲ್ಲೇ ಒಂದು ವಿನಾಯಿತಿಯಿತ್ತು: ಈಸ್ಟ್ ಇಂಡಿಯಾ ಕಂಪನಿಯ ಸೀಮೆಗೆ ಅದು ಅನ್ವಯಿಸುವಂತಿರಲಿಲ್ಲ. ಸನ್ನದಿನ ಮೂಲ ಕರಡು 1837ರ ಏಪ್ರಿಲ್ 12ರೊಳಗೆ ಇಲ್ಲಿಯೂ ಗುಲಾಮಗಿರಿ ಕೊನೆಯಾಗಬೇಕೆಂದು ಗಡುವು ಹಾಕಿತ್ತು. ವಿರೋಧ ಬಂದ ಮೇಲೆ ಗಡುವು ಹೋಗಿ ಬರೀ ಸದಾಶಯ ಉಳಿಯಿತು. ಇಂಡಿಯಾದ ದಾಸ್ಯ ವೆಸ್ಟ್ ಇಂಡೀಸಿನಷ್ಟು ಕ್ರೂರವಲ್ಲ, ಅದು ಇಲ್ಲಿನ ಜಾತಿ ಕಟ್ಟಳೆ, ಕೈಹಾಕಿದರೆ ಜನ ದಂಗೆ ಏಳುತ್ತಾರೆ ಎಂಬುದು ವಿರೋಧಿಗಳ ವಾದ. ಗದ್ದೆಯ ಆಳು ಕದಲಿದರೆ ಕಂದಾಯ ಕದಲುತ್ತದೆ ಎಂಬ ಅಂಜಿಕೆಯೂ ಇತ್ತು.

ಇದರಲ್ಲೊಂದು ವಿಪರ್ಯಾಸವಿದೆ. ವೆಸ್ಟ್ ಇಂಡೀಸಿನ ಸಕ್ಕರೆಯಲ್ಲಿ ಗುಲಾಮರ ರಕ್ತವಿದೆಯೆಂದು ಅದನ್ನು ಬಿಟ್ಟ ಇಂಗ್ಲೆಂಡಿನ ಧರ್ಮಭೀರುಗಳು ‘ಗುಲಾಮರು ಮಾಡದ’ ಈಸ್ಟ್ ಇಂಡಿಯಾ ಸಕ್ಕರೆ ಎಂದು ಬರೆದ ಬಟ್ಟಲುಗಳನ್ನು ಊಟದ ಮೇಜಿನ ಮೇಲೆ ಇಡುತ್ತಿದ್ದರು. ಈ ಸಮಾಧಾನವನ್ನು ಕೆಡಿಸಿದವರಲ್ಲಿ ವಿಲಿಯಂ ಆಡಂ ಒಬ್ಬರು. ಬ್ಯಾಪ್ಟಿಸ್ಟ್ ಪಾದ್ರಿಯಾಗಿ ಬಂಗಾಳಕ್ಕೆ ಬಂದು, ರಾಮಮೋಹನ ರಾಯರ ಒಡನಾಟದಲ್ಲಿ ಪಂಥವನ್ನೇ ಬದಲಿಸಿಕೊಂಡ ಆಡಂ, 1840ರಲ್ಲಿ ಬ್ರಿಟಿಷ್ ಇಂಡಿಯಾದ ಗುಲಾಮಗಿರಿಯ ಬಗ್ಗೆ ಒಂದು ಪುಸ್ತಕವನ್ನೇ ಪ್ರಕಟಿಸಿದರು. ಮರುವರ್ಷ ಕಾನೂನು ಆಯೋಗದ ವರದಿಯೂ ಬಂತು. ಕಂಪನಿಗೆ ಇನ್ನು ಕಣ್ಣು ಮುಚ್ಚಿ ಕೂರುವಂತಿರಲಿಲ್ಲ.

ಮೂಲದಾಳು, ಸಾಲದಾಳು

ಕನ್ನಡ ನಾಡಿನಲ್ಲಿ ಇದ್ದದ್ದೇನು? 1819ರ ಸುಮಾರಿಗೆ ಕೆನರಾ ಜಿಲ್ಲೆಯಲ್ಲಿ ಒಟ್ಟು 82 ಸಾವಿರ ಗುಲಾಮರಿದ್ದಾರೆಂದು ಕಂಪನಿಯ ಅಧಿಕಾರಿಗಳೇ ಅಂದಾಜು ಮಾಡಿದ್ದರು. ತುಳುನಾಡಿನಲ್ಲಿ ದುಡಿಮೆಯ ಹೊರೆ ಹೊತ್ತವರು ಅಂದಿನ ದಾಖಲೆಗಳು ‘ಹೊಲೆಯ’ ಎಂದು ಕರೆದ ಜನ. ಅವರಲ್ಲಿ ಎರಡು ಬಗೆ: ಹುಟ್ಟಿನಿಂದಲೇ ಒಡೆಯನ ಮನೆಗೆ ಸೇರಿದ ಮೂಲದಾಳು, ಸಾಲಕ್ಕಾಗಿ ಸೇರಿಕೊಂಡ ಸಾಲದಾಳು. ಕಾಸರಗೋಡಿನಾಚೆಯ ಮಲಬಾರಿನಲ್ಲಿ 1800–1801ರಲ್ಲಿ ಸಂಚರಿಸಿದ ಫ್ರಾನ್ಸಿಸ್ ಬುಕಾನನ್, ಆಳುಗಳನ್ನು ಮಾರುವುದಲ್ಲದೆ ಬಾಡಿಗೆಗೂ ಕೊಡುತ್ತಿದ್ದುದನ್ನು ಕಂಡರು. ಗಂಡಾಳಿಗೆ ವರ್ಷಕ್ಕೆ 8 ಹಣ, ಹೆಣ್ಣಾಳಿಗೆ ಅದರ ಅರ್ಧ.

ಪಿರಿಯಾಪಟ್ಟಣದ ಗಡಿ ದಾಟಿದರೆ ಸಿಗುವ ಕೊಡಗಿನಲ್ಲಿಯೂ ಜಮ್ಮಾ ಜಮೀನಿನ ಆಳುಗಳಲ್ಲಿ ಎರಡು ಬಗೆಯಿತ್ತು. ಒಬ್ಬ ಭೂಮಿಗೆ ಅಂಟಿದವನು. ಅವನನ್ನು ನೆಲ ಬಿಡಿಸಿ ಬೇರೆಡೆಗೆ ಒಯ್ಯುವಂತಿರಲಿಲ್ಲ. ಇನ್ನೊಬ್ಬ ಮನೆತನಕ್ಕೆ ಸೇರಿದವನು. ಅವನನ್ನು ಎಲ್ಲಿಗೆ ಬೇಕಾದರೂ ಕೊಡಬಹುದಿತ್ತು.

1843ರ ಕಾಯಿದೆ ಈ ವ್ಯವಸ್ಥೆಗೆ ಬಿದ್ದ ಮೊದಲ ಪೆಟ್ಟು. ಕಂದಾಯದ ಬಾಕಿಗೆ ಸರ್ಕಾರಿ ಅಧಿಕಾರಿ ಆಳುಗಳನ್ನು ಹರಾಜು ಹಾಕುವುದು ನಿಷಿದ್ಧವಾಯಿತು. ಆಳಿನ ಮೇಲಿನ ಹಕ್ಕಿಗಾಗಿ ಒಡೆಯ ಕೋರ್ಟಿಗೆ ಹೋಗುವಂತಿಲ್ಲ. ಆಳು ಗಳಿಸಿದ್ದು ಆಳಿನದೇ. ಸ್ವತಂತ್ರನಿಗೆ ಮಾಡಿದರೆ ಅಪರಾಧವಾಗುವ ಕೃತ್ಯ ಆಳಿಗೆ ಮಾಡಿದರೂ ಅಪರಾಧವೇ. ಆದರೆ ಆಳನ್ನು ಇಟ್ಟುಕೊಳ್ಳುವುದು ಶಿಕ್ಷಾರ್ಹ ಎಂದು ಅದು ಹೇಳಲಿಲ್ಲ. ಮನುಷ್ಯರನ್ನು ಗುಲಾಮರಾಗಿ ಕೊಳ್ಳುವುದು, ಮಾರುವುದು ಅಪರಾಧವಾದದ್ದು 1862ರಲ್ಲಿ ಭಾರತೀಯ ದಂಡ ಸಂಹಿತೆ ಜಾರಿಗೆ ಬಂದ ಮೇಲೆ.

ಬಿಡುಗಡೆಯ ಮರುದಿನ

ಬಿಡುಗಡೆಯಾದ ಆಳು ಮರುದಿನ ಉಣ್ಣುವುದೇನು? ಈ ಪ್ರಶ್ನೆಗೆ ಕಾಯಿದೆಯಲ್ಲಿ ಉತ್ತರವಿರಲಿಲ್ಲ. ಊರಿನಲ್ಲಿದ್ದ ಪಾದ್ರಿಗಳು ಮಾತ್ರ ಅದನ್ನು ತಪ್ಪಿಸಿಕೊಳ್ಳುವಂತಿರಲಿಲ್ಲ. ಮತ ಬದಲಿಸಿದವರು ಒಡೆಯನ ಗದ್ದೆ, ಜಾತಿಯ ಕಸುಬು ಎರಡನ್ನೂ ಕಳೆದುಕೊಂಡು ಮಿಷನ್ನಿನ ಬಾಗಿಲಿಗೆ ಬಂದು ನಿಲ್ಲುತ್ತಿದ್ದರು. ಬಾಸೆಲ್ ಮಿಷನ್ ಮಗ್ಗದ ಕಾರ್ಖಾನೆಯನ್ನೂ 1865ರಲ್ಲಿ ಮಂಗಳೂರಿನ ಹೆಂಚಿನ ಕಾರ್ಖಾನೆಯನ್ನೂ ತೆರೆದದ್ದಕ್ಕೆ ಇದೇ ದೊಡ್ಡ ಕಾರಣ.

ಮೋಗ್ಲಿಂಗ್ 1853ರಲ್ಲಿ ಕೊಡಗಿಗೆ ಬಂದರು. ಅವರು ಮೊದಲು ನೆಲೆಸಿದ್ದು ಕ್ರೈಸ್ತನಾದ ಒಬ್ಬ ಕೊಡವರ ಆಲ್ಮಂಡ ಮನೆತನದಲ್ಲಿ. ಆದರೆ ಅವರ ಮಾತಿಗೆ ಹೆಚ್ಚಾಗಿ ಓಗೊಟ್ಟವರು ಗದ್ದೆಯ ಆಳುಗಳು. ಉಪದೇಶದಿಂದಷ್ಟೇ ಇವರು ಬದುಕಲಾರರೆಂದು ಕಂಡುಕೊಂಡ ಮೋಗ್ಲಿಂಗ್, ಆ ದಶಕದ ಕೊನೆಯಲ್ಲಿ ಜಮೀನು ಪಡೆದು, ಕಾಫಿ ಹಾಕಿಸಿ, ಅವರಿಗಾಗಿ ಒಂದು ಊರನ್ನೇ ಕಟ್ಟಿದರು. ಅದೇ ಆನಂದಪುರ. ದೇವರ ಮುಂದೆ ಎಲ್ಲರೂ ಸಮಾನರೆಂಬ ವಾದ ಅಲ್ಲಿ ಮೊದಲ ಬಾರಿಗೆ ನೆಲದ ರೂಪ ಪಡೆಯಿತು. ಮತಾಂತರದ ಉದ್ದೇಶ ಅದರ ಜೊತೆಗೇ ಇತ್ತು ಎಂಬುದನ್ನೂ ಮರೆಯುವಂತಿಲ್ಲ.

ಅದೇ ಹೊತ್ತಿಗೆ ಕೊಡಗಿನಲ್ಲಿ ಐರೋಪ್ಯರ ಕಾಫಿ ತೋಟಗಳು ಎದ್ದವು. ಮೊದಲನೆಯದು 1854ರಲ್ಲಿ ಮಡಿಕೇರಿಯ ಬಳಿ. ಕೂಲಿ ಕೊಡುವ ತೋಟ ಗದ್ದೆಯ ಆಳಿಗೆ ಒಂದು ದಾರಿಯಾಯಿತು. ಹುಣಸೂರು, ಪಿರಿಯಾಪಟ್ಟಣದ ರಸ್ತೆ ಹಿಡಿದು ಮೈಸೂರು ಸೀಮೆಯ ಕೂಲಿಗಳೂ ಬಂದರು. ಮೇಸ್ತ್ರಿ ಮುಂಗಡ ಕೊಟ್ಟು ಅವರನ್ನು ಕರೆತರುತ್ತಿದ್ದ. ಮುಂಗಡ ಪಡೆದು ಕೆಲಸ ಬಿಟ್ಟವನನ್ನು 1859ರ 13ನೇ ಕಾಯಿದೆ ಜೈಲಿಗೆ ಕಳುಹಿಸುತ್ತಿತ್ತು. ಅದು ಕೊಡಗಿನ ತೋಟಗಳಲ್ಲೂ ಬಳಕೆಯಾಯಿತು. ಆಳಿನ ಮೇಲೆ ಒಡೆಯನಿಗೆ ಹಕ್ಕಿಲ್ಲ ಎಂದು ಸಾರಿದ ಸರ್ಕಾರ, ಹದಿನಾರೇ ವರ್ಷಕ್ಕೆ ಮುಂಗಡದ ಹೆಸರಿನಲ್ಲಿ ಆ ಹಕ್ಕನ್ನು ಹಿಂದಕ್ಕೆ ಕೊಟ್ಟಿತ್ತು.

ಕ್ರೈಸ್ತ ಸುಧಾರಕರ ವಾದ ಎಲ್ಲಿ ಸೋತಿತೆಂಬುದು ಇಲ್ಲಿ ಕಾಣುತ್ತದೆ. ಕೊಳ್ಳುವುದು, ಮಾರುವುದು ಪಾಪ ಎಂದು ಅದು ಗಟ್ಟಿಯಾಗಿ ಹೇಳಿತು. ಸಾಲದ ವಿಷಯದಲ್ಲಿ ಅಷ್ಟು ಗಟ್ಟಿಯಾಗಿ ಮಾತಾಡಲಿಲ್ಲ. ಸಾಲ ಕಳವಲ್ಲ, ಪಡೆದವನೇ ಒಪ್ಪಿ ಹೆಬ್ಬೆಟ್ಟು ಒತ್ತಿದ್ದಾನೆ, ಕೊಟ್ಟ ಮಾತು ಉಳಿಸಿಕೊಳ್ಳುವುದೂ ಧರ್ಮವೇ. ಹೀಗೆ ಮೂಲದಾಳು ಮರೆಯಾದರೂ ಸಾಲದಾಳು ಉಳಿದ. ನಮ್ಮ ಹಳ್ಳಿಗಳಲ್ಲಿ ಅವನ ಹೆಸರು ಜೀತದಾಳು. ಮಗಳ ಮದುವೆಗೆ, ಕಾಯಿಲೆಗೆ ತಂದ ನೂರಿನ್ನೂರು ರೂಪಾಯಿಗೆ ಅಪ್ಪ ದುಡಿದು, ಆಮೇಲೆ ಮಗ ದುಡಿದರೂ ಅಸಲು ತೀರುತ್ತಿರಲಿಲ್ಲ.

ಸಂವಿಧಾನದ 23ನೇ ವಿಧಿ ಬಿಟ್ಟಿ ದುಡಿಮೆಯನ್ನು ನಿಷೇಧಿಸಿತು. ಹುಣಸೂರಿನಿಂದ ಆರಿಸಿ ಬಂದಿದ್ದ ದೇವರಾಜ ಅರಸು ಅವರು ಮುಖ್ಯಮಂತ್ರಿಯಾಗಿದ್ದ ಕಾಲದಲ್ಲಿ ರಾಜ್ಯದಲ್ಲಿ ಭೂಸುಧಾರಣೆ, ಋಣ ಪರಿಹಾರ ಕಾಯಿದೆಗಳು ಬಂದವು. ಕೇಂದ್ರದ ಜೀತ ಪದ್ಧತಿ ರದ್ದತಿ ಕಾಯಿದೆಯೂ ಆಗಲೇ, 1976ರಲ್ಲಿ ಬಂತು. ಅದು ಜೀತದಾಳನ್ನು ಬಿಡಿಸಿದ್ದಲ್ಲದೆ, ಅವನು ಆ ಸಾಲವನ್ನು ಇನ್ನು ತೀರಿಸಬೇಕಾಗಿಲ್ಲ ಎಂದೂ ವಿಧಿಸಿತು. ಬಿಡುಗಡೆಯಾದವನ ಬದುಕನ್ನು ನೋಡಿಕೊಳ್ಳುವ ಹೊಣೆಯನ್ನು ಜಿಲ್ಲಾಡಳಿತಕ್ಕೆ ಒಪ್ಪಿಸಿತು. 1843ರ ನಾಲ್ಕು ಕಲಮುಗಳಲ್ಲಿ ಇಲ್ಲದ ಈ ಎರಡು ಮಾತುಗಳನ್ನು ಸೇರಿಸಲು 133 ವರ್ಷ ಬೇಕಾಯಿತು.