ನಟ ಕಾನ್ರಾಡ್ ಫೈಟ್

ಮೈಸೂರು ಸೀಮೆಯ ಕಾರಾಪುರದಲ್ಲಿ 1924ರಲ್ಲಿ ಮಾವುತನೊಬ್ಬನ ಮಗನಾಗಿ ಜನಿಸಿದ ಸಾಬುವಿನ ಹೆಸರನ್ನು ಕೇಳದವರು ನಮ್ಮಲ್ಲಿ ವಿರಳ. ಅಲೆಕ್ಸಾಂಡರ್ ಕೋರ್ಡಾ ನಿರ್ಮಿಸಿ 1940ರಲ್ಲಿ ಹೊರತಂದ 'ದಿ ಥೀಫ್ ಆಫ್ ಬಾಗ್ದಾದ್' ಎಂಬ ವರ್ಣಚಿತ್ರದಲ್ಲಿ ಈ ಹುಡುಗನಿಗೆ ಪ್ರತಿಯಾಗಿ ಜಾಫರನೆಂಬ ಮಾಯಾವಿ ಮಂತ್ರಿಯು ನಿಲ್ಲುತ್ತಾನೆ. ನೀಳವಾದ ದೇಹ, ಇರಿಯುವಂತಹ ನೋಟ, ಅವಸರವನ್ನೇ ಅರಿಯದ ಮಾತು. ನೋಡಿದವರು ಅವನನ್ನು ಮರೆಯುವುದು ಸುಲಭವಲ್ಲ. ಆ ಪಾತ್ರವನ್ನು ವಹಿಸಿದವನು ಜರ್ಮನಿಯ ಕಾನ್ರಾಡ್ ಫೈಟ್. ತೆರೆಯ ಮೇಲೆ ಮತ್ತೆ ಮತ್ತೆ ಕ್ರೂರರ ವೇಷವನ್ನು ಧರಿಸಿದ ಈತನು ನಿಜವಾದ ಕ್ರೌರ್ಯವು ಎದುರಾದಾಗ ಹೇಗೆ ನಡೆದುಕೊಂಡನೆಂಬುದನ್ನು ಇಂದು ತಮ್ಮ ಮುಂದೆ ನಿವೇದಿಸುತ್ತೇನೆ.

ಫೈಟನು 1893ನೆಯ ಇಸವಿ ಜನವರಿ 22ರಂದು ಬರ್ಲಿನ್ ನಗರದಲ್ಲಿ ಹುಟ್ಟಿದನು. ಆ ಕಾಲದ ರಂಗಭೂಮಿಗೆ ಹೊಸ ಚೈತನ್ಯವನ್ನು ತಂದಿದ್ದ ಮ್ಯಾಕ್ಸ್ ರೈನ್‌ಹಾರ್ಟನ ನಾಟಕಶಾಲೆಯಲ್ಲಿ ಸಣ್ಣಪುಟ್ಟ ಪಾತ್ರಗಳಿಂದ ಅವನ ವೃತ್ತಿಯು ಮೊದಲಾಯಿತು. ಅಷ್ಟರಲ್ಲಿಯೇ 1914ರ ಮಹಾಯುದ್ಧವು ಅವನನ್ನು ಸೈನ್ಯಕ್ಕೆಳೆಯಿತು. ಪೂರ್ವದ ರಣರಂಗದಲ್ಲಿ ಕಾಯಿಲೆಬಿದ್ದು, ಚೇತರಿಸಿಕೊಳ್ಳುತ್ತ, ಸೈನಿಕರಿಗಾಗಿ ಆಡುತ್ತಿದ್ದ ನಾಟಕಗಳಲ್ಲಿ ಪಾತ್ರವಹಿಸಿದನು. 1917ರಲ್ಲಿ ಬರ್ಲಿನ್ನಿಗೆ ಹಿಂದಿರುಗಿ ರಂಗಭೂಮಿಯನ್ನೂ ಚಲಚ್ಚಿತ್ರವನ್ನೂ ಒಟ್ಟಿಗೆ ಕೈಗೊಂಡನು.

ಅದು ಮೂಕಚಿತ್ರಗಳ ಕಾಲ. ನಟನಿಗೆ ದನಿಯಿಲ್ಲ, ದೇಹವೇ ಮಾತನಾಡಬೇಕು. 1920ರ 'ಡಾಕ್ಟರ್ ಕ್ಯಾಲಿಗಾರಿ'ಯ ಚಿತ್ರದಲ್ಲಿ, ಒಡೆಯನ ಆಣತಿಯಂತೆ ನಿದ್ದೆಯಲ್ಲಿಯೇ ಎದ್ದು ಕೊಲೆಗೆ ಹೊರಡುವ ಚೆಸಾರೆಯ ಪಾತ್ರವು ಫೈಟನಿಗೆ ಬಂದಿತು. ಬಣ್ಣ ಬಳಿದ ಪರದೆಗಳ ಮೇಲೆ ಸೊಟ್ಟ ಗೋಡೆಗಳು, ಓರೆಯಾದ ಬೀದಿಗಳು. ಅವುಗಳ ನಡುವೆ ನೆರಳೊಂದು ಜಾರುವಂತೆ ಅವನ ನಡಿಗೆ. 1928ರಲ್ಲಿ ಅಮೆರಿಕೆಯಲ್ಲಿ ತಯಾರಾದ 'ದಿ ಮ್ಯಾನ್ ಹೂ ಲಾಫ್ಸ್' ಚಿತ್ರದಲ್ಲಿ ಅವನ ತುಟಿಗಳು ಸದಾ ನಗುವಂತೆ ಕಟ್ಟುಬಿದ್ದಿದ್ದವು. ಬಾಯಿ ನಗುತ್ತಿರಲು ದುಃಖವನ್ನೆಲ್ಲ ಕಣ್ಣುಗಳಿಂದಲೇ ತೋರಬೇಕಾಯಿತು, ತೋರಿದನು. ವಾಕ್ಚಿತ್ರಗಳು ಬಂದಮೇಲೆ 1929ರಲ್ಲಿ ಸ್ವದೇಶಕ್ಕೆ ಮರಳಿದನು.

1919ರಷ್ಟು ಹಿಂದೆಯೇ ಅವನ ಮನೋಧರ್ಮವು ವ್ಯಕ್ತವಾಗಿತ್ತು. ಗಂಡಸರ ಪರಸ್ಪರ ಪ್ರೇಮವನ್ನು ದಂಡಿಸುತ್ತಿದ್ದ ಕಾನೂನಿನಿಂದ ನೊಂದು ನಾಶವಾಗುವ ಸಂಗೀತಗಾರನೊಬ್ಬನ ಪಾತ್ರವನ್ನು ಆ ವರ್ಷದ 'ಆಂಡರ್ಸ್ ಆಲ್ಸ್ ಡೀ ಆಂಡರ್ನ್' ಚಿತ್ರದಲ್ಲಿ ಅವನು ವಹಿಸಿದ್ದನು. ಮರುವರ್ಷವೇ ಅದರ ಸಾರ್ವಜನಿಕ ಪ್ರದರ್ಶನವು ನಿಷಿದ್ಧವಾಯಿತು.

1933ರ ಜನವರಿಯಲ್ಲಿ ಹಿಟ್ಲರನಿಗೆ ಅಧಿಕಾರವು ದೊರೆಯಿತು. ಯೆಹೂದ್ಯ ಕಲಾವಿದರನ್ನು ಚಿತ್ರೋದ್ಯಮದಿಂದ ಹೊರಗಟ್ಟುವ ಕಾರ್ಯವು ಬಹು ಬೇಗ ಆರಂಭವಾಯಿತು. ನಟರು ತಮ್ಮ ಜನಾಂಗವಾವುದೆಂದು ಬರೆದುಕೊಡಬೇಕಾಗಿ ಬಂದಿತು. ಫೈಟನು ಜನ್ಮತಃ ಯೆಹೂದ್ಯನಲ್ಲ. ಸತ್ಯವನ್ನು ಬರೆದುಕೊಟ್ಟಿದ್ದರೆ ಅವನ ಕೀರ್ತಿಗೂ ಸಂಪಾದನೆಗೂ ಕುಂದಿರಲಿಲ್ಲ. ಆದರೆ ಅವನು ವರಿಸಿದ್ದ ಲಿಲಿ ಪ್ರಾಗರ್ ಯೆಹೂದ್ಯಳು. ಕಾಗದದಲ್ಲಿ ಅವನು ತನ್ನನ್ನೂ ಯೆಹೂದ್ಯನೆಂದೇ ಬರೆದನು. ಆ ವರ್ಷವೇ ದಂಪತಿಗಳು ಜರ್ಮನಿಯನ್ನು ತೊರೆದು ಇಂಗ್ಲೆಂಡನ್ನು ಸೇರಿದರು.

ಯೆಹೂದ್ಯರ ಮೇಲಿನ ದ್ವೇಷವನ್ನು ಖಂಡಿಸುವ 'ಜ್ಯೂ ಸ್ಯೂಸ್' ಎಂಬ ಇಂಗ್ಲಿಷ್ ಚಿತ್ರದಲ್ಲಿ ಅವನು 1934ರಲ್ಲಿ ನಾಯಕನಾದನು. ಅದಕ್ಕೆ ಮುನ್ನ ಒಂದು ಚಿತ್ರದ ಕೆಲಸಕ್ಕಾಗಿ ಜರ್ಮನಿಗೆ ಹೋಗಿದ್ದಾಗ, ಖಾಯಿಲೆಯೆಂಬ ನೆಪವೊಡ್ಡಿ ಅಲ್ಲಿಯ ಅಧಿಕಾರಿಗಳು ಅವನನ್ನು ತಡೆದಿಟ್ಟರು. ಇಂಗ್ಲಿಷ್ ಚಿತ್ರಸಂಸ್ಥೆಯವರು ತಮ್ಮ ವೈದ್ಯನನ್ನೇ ಕಳುಹಿಸಿ ಪರೀಕ್ಷೆಮಾಡಿಸಿದ ಮೇಲೆ ಬಿಡುಗಡೆಯಾಯಿತು. ಅದೇ ಕಥಾನಾಯಕನ ಹೆಸರಿನಲ್ಲಿ 1940ರಲ್ಲಿ ನಾಜಿಗಳು ದ್ವೇಷವನ್ನೇ ಬಿತ್ತುವ ಬೇರೊಂದು ಚಿತ್ರವನ್ನು ತೆಗೆದರೆಂಬುದನ್ನು ಇಲ್ಲಿ ನೆನೆಯಬೇಕು. ಕಥೆಯೊಂದೇ, ಹೇಳುವವರ ಹೃದಯ ಬೇರೆ.

1939ರಲ್ಲಿ ಫೈಟನು ಬ್ರಿಟಿಷ್ ಪ್ರಜೆಯಾದನು. ಯುದ್ಧದ ದೆಸೆಯಿಂದ ಬಾಗ್ದಾದಿನ ಚಿತ್ರವನ್ನು ಅಮೆರಿಕೆಯಲ್ಲಿ ಮುಗಿಸಬೇಕಾಗಿ ಬಂದು, ಅವನೂ ಅಲ್ಲಿಗೆ ಹೋದನು. ತನ್ನ ಗಳಿಕೆಯಲ್ಲಿ ಬಹುಭಾಗವನ್ನು ಬ್ರಿಟನ್ನಿನ ಯುದ್ಧಸಹಾಯಕ್ಕೆ ನೀಡಿದನು. ಜರ್ಮನ್ ಉಚ್ಚಾರಣೆಯ ನಟನಿಗೆ ಆಗ ಅಲ್ಲಿ ದೊರೆಯುತ್ತಿದ್ದುದು ನಾಜಿಗಳ ಪಾತ್ರಗಳೇ. ತಾನು ದ್ವೇಷಿಸಿ ಬಿಟ್ಟುಬಂದವರ ಸಮವಸ್ತ್ರವನ್ನು ತಾನೇ ತೊಡಬೇಕಾಯಿತು. 1942ರ 'ಕಾಸಬ್ಲಾಂಕ'ದ ಮೇಜರ್ ಸ್ಟ್ರಾಸರನು ಈತನೇ. ಆ ಚಿತ್ರದ ನಟವರ್ಗದಲ್ಲಿ ನಾಜಿಗಳ ದೆಸೆಯಿಂದ ಯೂರೋಪನ್ನು ಬಿಟ್ಟು ಬಂದವರು ಹಲವರಿದ್ದರು. ಸ್ಟ್ರಾಸರನ ನಯವಾದ ಮಾತಿನ ಹಿಂದಿನ ಹಿಂಸೆಯನ್ನು ಫೈಟನು ಎಷ್ಟೂ ಮೃದುಗೊಳಿಸಲಿಲ್ಲ; ಅಂತಹವರನ್ನು ಅವನು ಹತ್ತಿರದಿಂದ ಬಲ್ಲವನಾಗಿದ್ದನು.

1943ನೆಯ ಇಸವಿ ಏಪ್ರಿಲ್ 3ರಂದು ಲಾಸ್ ಏಂಜಲೀಸಿನಲ್ಲಿ ಗಾಲ್ಫ್ ಆಡುತ್ತಿದ್ದಾಗ ಹೃದಯಾಘಾತದಿಂದ ಅವನು ಮೃತನಾದನು. ಆಗ ಅವನಿಗೆ 50 ವರ್ಷ. ಹಿಟ್ಲರನ ಪತನವನ್ನು ನೋಡುವ ಭಾಗ್ಯ ಅವನದಾಗಲಿಲ್ಲ. ಅವನ ಚಿತಾಭಸ್ಮವು 1998ರಲ್ಲಿ ಲಂಡನ್ನಿನ ಗೋಲ್ಡರ್ಸ್ ಗ್ರೀನಿಗೆ ಬಂದು ಸೇರಿತು.

ನಟನು ಹಾಕುವ ವೇಷವನ್ನು ಇತರರು ಆರಿಸುವುದುಂಟು. ಕ್ರೂರನ ಪಾತ್ರವೆಂದರೆ ಕ್ರೂರನ ಪಾತ್ರವೇ. ಬಣ್ಣವನ್ನು ಒರಸಿಕೊಂಡಮೇಲೆ ಉಳಿಯುವ ಮುಖವು ಮಾತ್ರ ಅವನ ಸ್ವಂತದ್ದು. ಹುಟ್ಟಿನಿಂದ ತನ್ನದಲ್ಲದ ಹೆಸರನ್ನು ಕಾಗದದಲ್ಲಿ ಬರೆದ ದಿನ ಕಾನ್ರಾಡ್ ಫೈಟನು ಯಾವ ವೇಷವನ್ನೂ ಹಾಕಿರಲಿಲ್ಲ.