ತಿಪ್ಪೇಸ್ವಾಮಿ ಎಂಬ ಹೆಸರು

ಹೋದ ವರ್ಷ ಶಾಲೆ ಶುರುವಾದ ಹೊಸದರಲ್ಲಿ ಒಬ್ಬ ತಾಯಿ ಸ್ಟಾಫ್ ರೂಮಿನ ಬಾಗಿಲಲ್ಲಿ ಬಂದು ನಿಂತರು. ಒಳಗೆ ಬನ್ನಿ ಅಂದರೂ ಬರಲಿಲ್ಲ. ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಳ್ಳುತ್ತಾ, "ಮೇಡಂ, ನಮ್ಮ ಹುಡುಗನ ಹೆಸ್ರು ಬದ್ಲಾಯಿಸ್ಬೇಕಿತ್ತು. ಹತ್ತನೇ ಕ್ಲಾಸಿಗೆ ಹೋಗೋದ್ರೊಳಗೆ ಮಾಡಿಸ್ಕೊಡಿ" ಎಂದರು. ಹುಡುಗ ಒಂಬತ್ತನೇ ತರಗತಿ. ಹೆಸರು ತಿಪ್ಪೇಸ್ವಾಮಿ. ಏನೆಂದು ಬದಲಾಯಿಸಬೇಕು ಎಂದು ಕೇಳಿದೆ. "ತೇಜಸ್ ಅಂತೆ. ಅವ್ನೇ ಆರಿಸ್ಕೊಂಡಿದಾನೆ" ಎಂದರು.

ನಾನು ನಕ್ಕು ಸುಮ್ಮನಾಗಬಹುದಿತ್ತು. ಆದರೆ ನನ್ನ ಒಬ್ಬನೇ ತಮ್ಮನ ಹೆಸರೂ ತಿಪ್ಪೇಸ್ವಾಮಿ.

ಚಿತ್ರದುರ್ಗದ ಕಡೆಯವರಿಗೆ ಈ ಹೆಸರನ್ನು ಪರಿಚಯಿಸುವ ಅಗತ್ಯವಿಲ್ಲ. ಚಳ್ಳಕೆರೆ, ಮೊಳಕಾಲ್ಮೂರು, ಹಿರಿಯೂರು, ಅತ್ತ ಬಳ್ಳಾರಿ, ದಾವಣಗೆರೆ ಎಲ್ಲಿಗೆ ಹೋದರೂ ಬಸ್ ನಿಲ್ದಾಣದಲ್ಲಿ ನಿಂತು "ತಿಪ್ಪೇಸ್ವಾಮೀ" ಎಂದು ಕೂಗಿದರೆ ನಾಲ್ಕು ಜನ ತಿರುಗಿ ನೋಡುತ್ತಾರೆ. ಜಾತಿಯ ಹಂಗೂ ಈ ಹೆಸರಿಗಿಲ್ಲ. ಲಿಂಗಾಯತರಲ್ಲಿದೆ, ನಾಯಕರಲ್ಲಿದೆ, ಕುರುಬರಲ್ಲಿದೆ, ಗೊಲ್ಲರಲ್ಲಿದೆ, ದಲಿತರಲ್ಲಿದೆ. ತಿಪ್ಪಣ್ಣ, ತಿಪ್ಪಯ್ಯ, ತಿಪ್ಪೇಶ, ತಿಪ್ಪೇರುದ್ರಪ್ಪ ಎಲ್ಲರೂ ಒಂದೇ ಬಳ್ಳಿಯ ಕಾಯಿಗಳು. ಹೆಣ್ಣುಮಕ್ಕಳಲ್ಲಿ ತಿಪ್ಪಮ್ಮ, ತಿಪ್ಪಕ್ಕ. ನಾನು 1994ರಲ್ಲಿ ಕೆಲಸಕ್ಕೆ ಸೇರಿದಾಗ ಒಂದೇ ತರಗತಿಯ ಹಾಜರಿ ಪುಸ್ತಕದಲ್ಲಿ ಮೂವರು ತಿಪ್ಪೇಸ್ವಾಮಿಗಳಿದ್ದರು. ಇನಿಷಿಯಲ್ ಹಿಡಿದು ಕರೆಯಬೇಕಾಗುತ್ತಿತ್ತು. ಈಗ ಇಡೀ ಶಾಲೆಗೆ ಈ ಹುಡುಗ ಒಬ್ಬನೇ.

ಇಷ್ಟು ಜನರಿಗೆ ಈ ಹೆಸರು ಬಂದದ್ದು ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯಿಂದ. ಕೆರೆಗಳನ್ನು ಕಟ್ಟಿಸಿದ, ದುಡಿದವರಿಗೆ ದುಡಿದಷ್ಟು ಕೂಲಿ ಸಿಗುವಂತೆ ಮಾಡಿದ ಸಂತ ಆತ ಎಂದು ನಮ್ಮ ಕಡೆಯ ನಂಬಿಕೆ. ಊರಲ್ಲಿ ಒಳಮಠ, ಹೊರಮಠ ಎಂದು ಎರಡು ಗುಡಿಗಳಿವೆ. ಫಾಲ್ಗುಣ ಮಾಸದ ತೇರಿಗೆ ಲಕ್ಷಾಂತರ ಜನ ಸೇರುತ್ತಾರೆ. ಹರಕೆ ಹೊತ್ತವರು ಒಣಕೊಬ್ಬರಿ ಸುಡುತ್ತಾರೆ. ಆ ಹೊಗೆಯ ವಾಸನೆ ಸೀರೆಯಿಂದ ಎರಡು ಒಗೆತಕ್ಕೂ ಹೋಗುವುದಿಲ್ಲ. ಮಗು ಬೇಕೆಂದು ಬೇಡಿಕೊಂಡವರು, ಹುಟ್ಟಿದ ಮಗು ಉಳಿಯಲೆಂದು ಬೇಡಿಕೊಂಡವರು ಆ ಮಗುವಿಗೆ ಸ್ವಾಮಿಯ ಹೆಸರನ್ನೇ ಇಡುತ್ತಾರೆ.

ಆದರೆ ಸ್ವಾಮಿಯ ಹೆಸರಿನಲ್ಲೇ ತಿಪ್ಪೆ ಇದೆಯಲ್ಲ! ದನದ ಸಗಣಿ, ಕಸಕಡ್ಡಿ, ಒಲೆಯ ಬೂದಿ ಎಲ್ಲ ಸುರಿದು ಕೊಳೆಯಲು ಬಿಡುವ ಗುಡ್ಡೆಯೇ ತಿಪ್ಪೆ. ಮನುಷ್ಯನ ಹೆಸರಿನಲ್ಲಿ ಅದು ಸೇರಿರುವುದು ಇಂದು ನಿನ್ನೆಯ ಮಾತಲ್ಲ. ವಿಜಯನಗರದ ತುಳುವ ನರಸನಾಯಕನ ಹೆಂಡಂದಿರಲ್ಲಿ ಒಬ್ಬಾಕೆ ತಿಪ್ಪಾಜಿ, ಇನ್ನೊಬ್ಬಾಕೆ ನಾಗಲಾದೇವಿ. ನಾಗಲೆಯ ಮಗ ಕೃಷ್ಣದೇವರಾಯ. ಅವನಿಗಿಂತ ಮೊದಲು 1505ರಿಂದ 1509ರವರೆಗೆ ಆಳಿದ ವೀರನರಸಿಂಹ ತಿಪ್ಪಾಜಿಯ ಮಗ. ಅದಕ್ಕೂ ಹಿಂದೆ, ಹದಿನೈದನೆಯ ಶತಮಾನದಲ್ಲಿ, ವಾಮನನ ಅಲಂಕಾರಶಾಸ್ತ್ರಕ್ಕೆ 'ಕಾಮಧೇನು' ಎಂಬ ವ್ಯಾಖ್ಯಾನ ಬರೆದ ಅರಸುಮಗನ ಹೆಸರು ಗೋಪೇಂದ್ರ ತಿಪ್ಪ ಭೂಪಾಲ. ಅರಮನೆಯವರಿಗೂ ಸಲ್ಲುತ್ತಿದ್ದ ಹೆಸರು ಇದು. ನಮ್ಮ ಕಾಲದಲ್ಲಿ 'ಕರ್ನಾಟಕ ಸಂಸ್ಕೃತಿ ಸಮೀಕ್ಷೆ'ಗೆ 1969ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆದ ವಿದ್ವಾಂಸರು ಎಚ್. ತಿಪ್ಪೇರುದ್ರಸ್ವಾಮಿ. (ಮಕ್ಕಳು ಕೆಲವೊಮ್ಮೆ ಟಿಪ್ಪು ಸುಲ್ತಾನನನ್ನೂ ಇದೇ ಸಾಲಿಗೆ ಸೇರಿಸುತ್ತಾರೆ. ಅದು ಬೇರೆ, ಆರ್ಕಾಟಿನ ಟಿಪ್ಪು ಮಸ್ತಾನ್ ಔಲಿಯಾ ಎಂಬ ಸಂತರ ಹೆಸರನ್ನು ಅವನಿಗೆ ಇಟ್ಟದ್ದು.)

ಹಾಗಾದರೆ ಹೆತ್ತವರು ಮಗುವಿಗೆ ತಿಪ್ಪೆಯ ಹೆಸರನ್ನು ಏಕೆ ಇಟ್ಟರು? ಸಾವಿನ ಕಣ್ಣು ತಪ್ಪಿಸಲು. ಹುಟ್ಟಿದ ಕೂಸುಗಳು ಒಂದರ ಮೇಲೊಂದು ಹೋಗುತ್ತಿದ್ದರೆ ಮುಂದಿನದಕ್ಕೆ ಚೆಂದದ ಹೆಸರಿಡಲು ತಾಯಂದಿರು ಹೆದರುತ್ತಿದ್ದರು. ಇದು ಬೇಡದ್ದು, ಎಸೆದದ್ದು, ಇದರ ತಂಟೆಗೆ ಬರಬೇಡ ಎಂದು ಯಮನಿಗೆ ಸುಳ್ಳು ಹೇಳುವ ಉಪಾಯ. ಗುಂಡಪ್ಪ, ಕಲ್ಲಪ್ಪ, ಹುಚ್ಚಪ್ಪ, ತಿರುಕಪ್ಪ, ಅಡವೆಪ್ಪ ಇವುಗಳಲ್ಲೂ ಎಷ್ಟೋ ಹೆಸರು ಹಾಗೆ ಬಂದವು. ದೇವರ ಹೆಸರಿನಿಂದ ಬಂದವೂ ಇವೆ. ಶಿಕಾರಿಪುರದಲ್ಲಿ ಆಂಜನೇಯನೇ ಹುಚ್ಚೂರಾಯ. ಯಾವುದು ಹರಕೆ, ಯಾವುದು ಹೆದರಿಕೆ ಎಂದು ಬಿಡಿಸಿ ಹೇಳುವುದು ಕಷ್ಟ. ತಮಿಳರ ಕುಪ್ಪುಸ್ವಾಮಿ ನಮ್ಮ ತಿಪ್ಪೇಸ್ವಾಮಿಯ ಅಣ್ಣನೇ ಸರಿ, ಕುಪ್ಪೈ ಎಂದರೆ ಕಸ. ಮದರಾಸಿನ ದೊಡ್ಡ ಸಂಸ್ಕೃತ ವಿದ್ವಾಂಸರು ಕುಪ್ಪುಸ್ವಾಮಿ ಶಾಸ್ತ್ರಿಗಳು ಎಂದಾಗ ಯಾರಿಗೂ ಕಸದ ನೆನಪಾಗುವುದಿಲ್ಲ. ತೆಲುಗರಲ್ಲಿ ಪೆಂಟಯ್ಯ, ಪೆಂಟ ಎಂದರೂ ತಿಪ್ಪೆಯೇ. ಬಂಗಾಳಿಗಳಲ್ಲಿ ಮೂರು ಕವಡೆಗೆ ಕೊಂಡ ಮಗು ತೀನ್‌ಕೋಡಿ.

ಪಾಠ ಮಾಡುವಾಗ ನನಗೆ ಪ್ರತಿಸಲ ಗಂಟಲು ಕಟ್ಟುವುದು ಖುದೀರಾಮ ಬೋಸನ ಹೆಸರಿನಲ್ಲಿ. ಅವನಿಗಿಂತ ಮೊದಲು ಹುಟ್ಟಿದ ಇಬ್ಬರು ಗಂಡುಮಕ್ಕಳು ತೀರಿಕೊಂಡಿದ್ದರು. 1889ರಲ್ಲಿ ಇವನು ಹುಟ್ಟಿದಾಗ ತಾಯಿ ಅವನನ್ನು ಹಿರಿಯ ಮಗಳಿಗೆ ಮೂರು ಹಿಡಿ ನುಚ್ಚಕ್ಕಿಗೆ ಮಾರಿದಳು. ಖುದ್ ಎಂದರೆ ನುಚ್ಚು. ನುಚ್ಚು ಕೊಟ್ಟು ಉಳಿಸಿಕೊಂಡ ಆ ಮಗುವನ್ನು 1908ರ ಆಗಸ್ಟ್ 11ರಂದು ಬ್ರಿಟಿಷರು ಮುಜಫರ್‌ಪುರದ ಜೈಲಿನಲ್ಲಿ ಗಲ್ಲಿಗೇರಿಸಿದರು. ಹತ್ತೊಂಬತ್ತು ತುಂಬಿರಲಿಲ್ಲ.

ನನ್ನ ತಮ್ಮನ ವಿಷಯಕ್ಕೆ ಬರುತ್ತೇನೆ. ಅವನು ಹುಟ್ಟಿದ್ದು 1974ರಲ್ಲಿ. ನನಗೆ ಆರು ವರ್ಷ, ಚೆನ್ನಾಗಿ ನೆನಪಿದೆ. ಮಗುವನ್ನು ಮೊರದಲ್ಲಿಟ್ಟು ಅಜ್ಜಿ ಹಿತ್ತಿಲ ತಿಪ್ಪೆಯ ಮೇಲೆ ಇಟ್ಟು ತಿರುಗಿ ನೋಡದೆ ಬಂದಳು. ಪಕ್ಕದ ಮನೆಯಾಕೆ ಹೋಗಿ ಎತ್ತಿಕೊಂಡು, "ನನಗೊಂದು ಕೂಸು ಸಿಕ್ತು, ಯಾರಿಗಾದ್ರೂ ಬೇಕೇನ್ರೇ?" ಎಂದು ಬಾಗಿಲಿಗೆ ಬಂದಳು. ಅಜ್ಜಿ ಒಂದು ಸೇರು ರಾಗಿ ಕೊಟ್ಟು ಕೊಂಡಳು. ನನಗೆ ಅದು ಆಟದಂತೆ ಕಂಡಿತ್ತು. ಒಳಗೆ ಬಾಣಂತಿ ಅವ್ವ ಏಕೆ ಅಳುತ್ತಿದ್ದಳೆಂದು ತಿಳಿಯಲಿಲ್ಲ.

ತಿಳಿದದ್ದು 1996ರಲ್ಲಿ. ತಮ್ಮ ಬೆಂಗಳೂರಿನಲ್ಲಿ ಹಾಸ್ಟೆಲಿನಲ್ಲಿದ್ದು ಓದು ಮುಗಿಸಿದ್ದ. ಅಲ್ಲಿ ಅವನನ್ನು ಪೂರ್ತಿ ಹೆಸರಿನಿಂದ ಯಾರೂ ಕರೆಯುತ್ತಿರಲಿಲ್ಲ. ಮೊದಲ ಎರಡು ಅಕ್ಷರ ಸಾಕಾಗಿತ್ತು ಅವರಿಗೆ, ನಗುವುದಕ್ಕೆ. ಪೇಟೆಯವರಿಗೆ ತಿಪ್ಪೆ ಎಂದರೆ ರಸ್ತೆಯ ಮೂಲೆಯ ಕಸ. ಬೇಸಾಯದ ಮನೆಯಲ್ಲಿ ಅದು ಗೊಬ್ಬರ, ಮುಂದಿನ ವರ್ಷದ ರಾಗಿ. ದೀಪಾವಳಿಯಲ್ಲಿ ಅದಕ್ಕೂ ಪೂಜೆ. ಈ ವ್ಯತ್ಯಾಸವನ್ನು ಹಾಸ್ಟೆಲಿನ ಹುಡುಗರಿಗೆ ಯಾರು ಹೇಳುತ್ತಾರೆ? ಕೆಲಸಕ್ಕೆ ಅರ್ಜಿ ಹಾಕುವ ಮೊದಲು ಹೆಸರು ಬದಲಾಯಿಸಬೇಕೆಂದು ಅಫಿಡವಿಟ್ ಬರೆಸಿಕೊಂಡು ಊರಿಗೆ ಬಂದ. ಅವ್ವನ ಮುಂದೆ ಓದಿದ.

ಅವ್ವ ಬೈಯಲಿಲ್ಲ. ರೊಟ್ಟಿ ತಟ್ಟುವುದನ್ನು ನಿಲ್ಲಿಸಿ ಹೇಳಿದಳು: "ನಿನಗಿಂತ ಮುಂಚೆ ಎರಡು ಹೆತ್ತಿದ್ದೆ ಕಣಪ್ಪ. ಎರಡೂ ಗಂಡೇ. ಮೊದಲನೇದು ಏಳು ದಿನ ಇತ್ತು, ಎರಡನೇದು ಎಂಟು. ಬಾಯಿ ಕಚ್ಕೊಂಡ್ಬಿಟ್ವು. ಹಾಲು ಸೋರ್ತಿದ್ರೂ ಕುಡೀಲಿಲ್ಲ. ಅವಕ್ಕೆ ಹೆಸ್ರೇ ಇಟ್ಟಿರ್ಲಿಲ್ಲ. ನಿನಗೆ ಒಂದು ಹೆಸ್ರು ಅಂತ ಇದೆ." ಮತ್ತೆ ರೊಟ್ಟಿ ತಟ್ಟಿದಳು.

ತಮ್ಮ ಕಾಗದವನ್ನು ಮಡಚಿ ಜೇಬಿಗಿಟ್ಟುಕೊಂಡ. ಹೆಸರು ಬದಲಾಗಲಿಲ್ಲ. ಪೂರ್ತಿ ಉಳಿಯಲೂ ಇಲ್ಲ. ಈಗ ಅವನ ಮನೆಯ ಬೋರ್ಡಿನಲ್ಲಿ 'ಟಿ. ಸ್ವಾಮಿ' ಎಂದಿದೆ.

ಬಾಯಿ ಕಚ್ಚಿಕೊಳ್ಳುವುದು, ಏಳೆಂಟನೇ ದಿನ ಹೋಗುವುದು ಏನೆಂದು ನಾನು ಓದಿ ತಿಳಿದದ್ದು ಆಮೇಲೆ. ಅದು ಧನುರ್ವಾಯು. ಹೊಕ್ಕುಳ ಬಳ್ಳಿಯನ್ನು ಕುಡುಗೋಲಿನಿಂದ ಕೊಯ್ದಾಗ, ಗಾಯ ಬೇಗ ಒಣಗಲೆಂದು ಸಗಣಿಯನ್ನೋ ಸಗಣಿಯ ಬೂದಿಯನ್ನೋ ಮೆತ್ತಿದಾಗ ಆ ರೋಗದ ಅಣು ಮಗುವಿನ ಮೈ ಸೇರುತ್ತದೆ. ದನಕುದುರೆಗಳ ಸಗಣಿ ಲದ್ದಿಯಲ್ಲಿ, ಗೊಬ್ಬರ ಬಿದ್ದ ಮಣ್ಣಿನಲ್ಲಿ ಅದರ ವಾಸ. ಮೊದಲೆರಡು ಹೆರಿಗೆ ಮಾಡಿಸಿದ್ದು ಅಜ್ಜಿ. ಅವಳ ಕೈಮದ್ದು ಅದೇ ಆಗಿತ್ತು. ಮೂರನೆಯದಕ್ಕೆ ಆರೋಗ್ಯ ಕೇಂದ್ರದ ನರ್ಸಮ್ಮ ಬಂದು, ಬ್ಲೇಡು ಕುದಿಸಿ, ಹೊಕ್ಕುಳಿಗೆ ಏನೂ ಹಚ್ಚಬೇಡಿ ಎಂದು ಗದರಿ ಹೋಗಿದ್ದಳು. ಮಗು ಉಳಿಯಿತು. ಪುಣ್ಯ ತಿಪ್ಪೆಗೆ ಹೋಯಿತು!

ನಮ್ಮ ಮನೆಯದೊಂದೇ ಕಥೆಯಲ್ಲ. 1971ರಲ್ಲಿ ಭಾರತದಲ್ಲಿ ಹುಟ್ಟಿದ ಸಾವಿರ ಶಿಶುಗಳಲ್ಲಿ 129 ವರ್ಷ ತುಂಬುವ ಮೊದಲೇ ಸಾಯುತ್ತಿದ್ದವು. 2020ರ ಹೊತ್ತಿಗೆ ಅದು 28ಕ್ಕೆ ಇಳಿದಿತ್ತು, ಕರ್ನಾಟಕದಲ್ಲಿ 19ಕ್ಕೆ. ಬಸುರಿಯರಿಗೆ ಧನುರ್ವಾಯುವಿನ ಚುಚ್ಚುಮದ್ದು ಬಂತು, ಆಸ್ಪತ್ರೆಯ ಹೆರಿಗೆ ಹೆಚ್ಚಿತು. 2015ರಲ್ಲಿ ಭಾರತ ಬಾಣಂತಿ ಮತ್ತು ನವಜಾತ ಶಿಶುಗಳ ಧನುರ್ವಾಯುವನ್ನು ನಿವಾರಿಸಿದೆಯೆಂದು ವಿಶ್ವ ಆರೋಗ್ಯ ಸಂಸ್ಥೆ ಒಪ್ಪಿತು. ಹಾಜರಿ ಪುಸ್ತಕದಿಂದ ತಿಪ್ಪೇಸ್ವಾಮಿಗಳು ಕಡಿಮೆಯಾಗಿದ್ದಕ್ಕೆ ಸಿನಿಮಾ, ಟಿ.ವಿ. ಕಾರಣವೆನ್ನುತ್ತಾರೆ. ಅದೂ ಇರಬಹುದು. ಯಮನಿಗೆ ಸುಳ್ಳು ಹೇಳುವ ಅಗತ್ಯ ಕಡಿಮೆಯಾದದ್ದೂ ಒಂದು ಕಾರಣವೆಂದು ನನಗೆ ತೋರುತ್ತದೆ.

ಅಜ್ಜಿ ತೀರಿಹೋಗಿ ಎಷ್ಟೋ ವರ್ಷವಾದ ಮೇಲೆ ಅವ್ವ ಒಮ್ಮೆ ಕೇಳಿದಳು, "ನೀನು ಓದಿದೋಳಲ್ಲವೇನೇ, ಆ ಎರಡು ಯಾಕೆ ಹೋದ್ವು ಅಂತ ಗೊತ್ತಾ?" ಬಾಯಿಯವರೆಗೆ ಬಂದಿತ್ತು. ಅಜ್ಜಿಯನ್ನು ಅವ್ವ ತನ್ನ ತಾಯಿಗಿಂತ ಹೆಚ್ಚಾಗಿ ಹಚ್ಚಿಕೊಂಡಿದ್ದಳು. "ಆಗಿನ ಕಾಲದಲ್ಲಿ ಎಲ್ಲಾ ಕಡೆ ಹಂಗೇ ಇತ್ತಲ್ಲವ್ವ" ಎಂದು ತಿಪ್ಪೆ ಸಾರಿಸಿದೆ. ಅವ್ವ ನನ್ನ ಮುಖವನ್ನೇ ನೋಡಿ, "ಹೂಂ" ಎಂದಳು. ಅವಳಿಗೆ ಗೊತ್ತಿತ್ತೋ ಏನೋ.

ಬಾಗಿಲಲ್ಲಿ ನಿಂತಿದ್ದ ಆ ತಾಯಿಗೆ ಇದನ್ನೆಲ್ಲ ನಾನು ಹೇಳಲಿಲ್ಲ. "ಹೆಸರಿಟ್ಟೋರು ಯಾರಮ್ಮ?" ಎಂದಷ್ಟೇ ಕೇಳಿದೆ. "ನಮ್ಮತ್ತೆ. ಇವನು ಏಳು ತಿಂಗಳಿಗೇ ಹುಟ್ಟಿದ್ದು ಮೇಡಂ. ದುರ್ಗದ ಆಸ್ಪತ್ರೇಲಿ ಇಪ್ಪತ್ತು ದಿನ ಪೆಟ್ಟಿಗೆಯೊಳಗೆ ಇಟ್ಟಿದ್ರು. ಅತ್ತೆ ಹಟ್ಟಿಗೆ ಹೋಗಿ ಕೊಬ್ಬರಿ ಸುಟ್ಟು ಬಂದ್ರು" ಎಂದರು. ಅರ್ಜಿಯ ಹಾಳೆ ಕೊಟ್ಟು, ಅಪ್ಪ ಅಮ್ಮ ಇಬ್ಬರ ಸಹಿ ಬೇಕು ಎಂದೆ. ಮಾರ್ಕ್ಸ್ ಕಾರ್ಡಿನಲ್ಲಿ ಅಚ್ಚಾದ ಮೇಲೆ ಬಲು ತಾಪತ್ರಯ, ಈಗಲೇ ನಿರ್ಧಾರ ಮಾಡಿ ಎಂದೂ ಹೇಳಿದೆ.

ವಾರದ ಮೇಲೆ ಹಾಳೆ ಖಾಲಿಯೇ ವಾಪಸು ಬಂತು. "ಅತ್ತೆ ಇರೋತನಕ ಬೇಡ ಅಂದ್ರು ನಮ್ಮನೆಯವ್ರು" ಎಂದರು ಆಕೆ. ಹುಡುಗ ಮೂರು ದಿನ ಯಾರ ಹತ್ತಿರವೂ ಮಾತಾಡಲಿಲ್ಲ. ಅವನ ಸಂಕಟ ಸುಳ್ಳಲ್ಲ. ಹದಿನಾಲ್ಕು ವರ್ಷದವನಿಗೆ ಅಜ್ಜಿಯ ಹರಕೆಗಿಂತ ಹಿಂದಿನ ಬೆಂಚಿನ ನಗುವೇ ದೊಡ್ಡದಾಗಿ ಕೇಳಿಸುತ್ತದೆ. ಈಗ ಅವನು ಹತ್ತನೇ ತರಗತಿ. ಹಾಜರಿ ಕರೆಯುವಾಗ ನಾನು ಹೆಸರನ್ನು ಪೂರ್ತಿಯಾಗಿ, ಉಳಿದವರ ಹೆಸರಿನಷ್ಟೇ ಗಟ್ಟಿಯಾಗಿ ಓದುತ್ತೇನೆ. ಹಿಂದಿನ ಬೆಂಚಿನ ಕಡೆ ಒಮ್ಮೆ ಕಣ್ಣು ಹಾಯಿಸುತ್ತೇನೆ. ಅವನು ತಲೆ ಎತ್ತದೆ "ಪ್ರೆಸೆಂಟ್ ಮೇಡಂ" ಎನ್ನುತ್ತಾನೆ.